ಗರುಡನಿಗೆ ಹಾಲನ್ನ

ಮುಂಬೈ ಬಳಿಯ ಡೊಂಬಿವಲಿಯಲ್ಲಿ ಖಾಡಿಯ, ಅಂದರೆ ಕಡಲ ಹಿನ್ನೀರಿನ, ಗಾಳಿ ಇನ್ನೂ ಮನೆಯೊಳಗೆ ಬರುತ್ತಿದ್ದ ಕಾಲವದು. ಹೊಸ ಬಿಲ್ಡಿಂಗಿನ ಪಾಯಕ್ಕೆಂದು ಎದುರಿನ ಮಾವಿನಮರ ಕಡಿದಾಗ, ಗೂಡಿನ ಸಮೇತ ಗರುಡನ ಮರಿಯೊಂದು ಗಂಗಕ್ಕನ ಅಂಗಳಕ್ಕೆ ಬಿತ್ತು.

ಗಂಡ ಯಜ್ಞೇಶ್ವರ ಸ್ಟೇಷನ್ ಬಳಿ ಉಡುಪಿ ಹೋಟೆಲ್ ನಡೆಸುತ್ತಿದ್ದರು. ಮಡಿಯ ಮನೆ. ಗಂಗಕ್ಕ ಮರಿಗೆ ಕುಂಕುಮವಿಟ್ಟು, ಹಾಲನ್ನ ಕಲಸಿ ತಿನ್ನಿಸಿದರು. ನೆರೆಹೊರೆಯವರು ಕೈಮುಗಿಯಲು ಬಂದದ್ದೇ ಬಂದದ್ದು! ಆದರೆ ದಿನಗಳೆದಂತೆ ಮರಿಯ ಕಾಲು ಬಾಗಿತು. ನಿಲ್ಲಲಾರದೆ ಎದೆಯ ಮೇಲೆ ಕುಸಿಯತೊಡಗಿತು.

ಮೇಲಿನ ಮಾಳಿಗೆಯ ವಿಮಲಾ ಧಾರವಾಡದವಳು, ಪಶುವೈದ್ಯೆ. ನೋಡಿದವಳೇ ಹಣೆ ಬಡಿದುಕೊಂಡಳು.

"ಗಂಗಕ್ಕಾ, ಇದಕ್ಕ ಏನ್ ತಿನ್ನಸ್ಲಿಕ್ಕತ್ತೀರಿ?"

"ಹಾಲನ್ನ. ತುಪ್ಪವೂ ಹಾಕ್ತೇನೆ ಮಾರಾಯ್ತಿ, ಕಂಜೂಸಿ ಮಾಡ್ಲಿಲ್ಲ."

"ಇದೇನ್ ನಿಮ್ಮ ಹೋಟೆಲ್ ಗಿರಾಕಿ ಏನ್ರೀ? ಬೇಟೆ ಹಕ್ಕಿ! ಮುಳ್ಳಿನ ಸಮೇತ ಮೀನು ಬೇಕು. ಇಲ್ಲಾಂದ್ರ ಎಲುಬು ಗಟ್ಟಿ ಆಗೂದಿಲ್ಲ. ಹಾರೂದಿರ್ಲಿ, ಬದುಕೂದಿಲ್ಲ."

"ಕೃಷ್ಣ ಕೃಷ್ಣಾ! ದೇವರ ವಾಹನಕ್ಕೆ ಮೀನಾ?"

"ನಾನೂ ಸಾರು-ಅನ್ನ ಉಣ್ಣಾಕೀನ. ಆದ್ರ ಪುರಾಣದಾಗ ಗರುಡ ಹಾವು ತಿಂದನೋ, ಮೊಸರನ್ನ ತಿಂದನೋ? ನೀವೇ ಹೇಳ್ರಿ."

ಗಂಗಕ್ಕ ಹಾಲನ್ನದ ಬಟ್ಟಲನ್ನು ಬದಿಗೆ ಸರಿಸಿದರು.

ಮರುದಿನ ಅವರು ಸೆರಗಿನಿಂದ ಮೂಗು ಮುಚ್ಚಿಕೊಂಡು, ಬಿಲ್ಡಿಂಗೆಲ್ಲ ಇಣುಕುತ್ತಿರುವಾಗಲೇ ಮೀನು ಮಾರುವ ಹೆಂಗಸನ್ನು ಕೂಗಿ ಕರೆದರು.

"ಕಾಯ್ ಮಾಮಿ, ಏನಿದು, ನಿಮ್ಮನೇಲಿ ಮೀನಾ?" ಯಾರೋ ಕೆಣಕಿದರು.

"ನಮಗಲ್ಲ, ದೇವರಿಗೆ!"

ವಿಮಲಾ ಅರಣ್ಯ ಇಲಾಖೆಗೆ ತಿಳಿಸಿ, ಒಪ್ಪಿಗೆ ಪಡೆದು, ಮರಿಯನ್ನು ಟೆರೇಸಿಗೆ ಸಾಗಿಸಿದಳು. ಮೀನು ತಿಂದು ಅದರ ಕಾಲು ಗಟ್ಟಿಯಾಯಿತು, ರೆಕ್ಕೆ ಬಲಿಯಿತು. ಆದರೆ ಅದನ್ನು ಹಾರಿಬಿಡಲು ಗಂಗಕ್ಕನಿಗೆ ಮನಸ್ಸಿಲ್ಲ.

"ಇಲ್ಲೇ ಇರ್ಲಿ. ನನ್ನ ಕೈ ಕಂಡರೆ ಓಡಿ ಬರ್ತದೆ."

"ಅದೇ ತಪ್ಪು ಗಂಗಕ್ಕಾ. ನಾಳೆ ಕಲ್ಲು ಹಿಡಿದ ಕೈಗೂ ಹಂಗೇ ಓಡಿ ಹೋಗ್ತದ."

ಆ ಮಾತು ನಾಟಿತು. ಅಂದಿನಿಂದ ಗಂಗಕ್ಕ ಮೀನಿಟ್ಟು, ಮುಖ ತೋರಿಸದೆ ಇಳಿದು ಬರುತ್ತಿದ್ದರು. ಮೆಟ್ಟಿಲಲ್ಲಿ ಕುಳಿತು ಅದರ ಕೂಗನ್ನಷ್ಟೇ ಕೇಳುತ್ತಿದ್ದರು.

ಖಾಡಿಯ ದಂಡೆಯಲ್ಲಿ ಬುಟ್ಟಿಯ ಮುಚ್ಚಳ ತೆಗೆದ ಬೆಳಿಗ್ಗೆ, ಹಕ್ಕಿ ತುಸು ತಡವರಿಸಿ ಗಾಳಿಗೇರಿತು. ಮೇಲೆ ಸುತ್ತುತ್ತಿದ್ದ ಗರುಡಗಳೊಂದಿಗೆ ಬೆರೆಯಿತು.

"ಯಾವುದು ಮಾರಾಯ್ತಿ ನಮ್ಮದು?" ಯಜ್ಞೇಶ್ವರ ಕಣ್ಣಿಗೆ ಕೈ ಅಡ್ಡ ಹಿಡಿದು ಕೇಳಿದರು.

"ಯಾವುದೂ ನಮ್ಮದಲ್ಲ," ಎಂದರು ಗಂಗಕ್ಕ. ಕಣ್ಣು ತುಂಬಿತ್ತು, ಮುಖ ಅರಳಿತ್ತು.

ನಿಮ್ಮ ಅಂಗಳಕ್ಕೂ ಇಂಥ ಮರಿ ಬಿದ್ದೀತು. ಹಾಲು, ಅನ್ನ ಕೊಡಬೇಡಿ. ಗಾಳಿಯಾಡುವ ಪೆಟ್ಟಿಗೆಯಲ್ಲಿಟ್ಟು, ಪಶುವೈದ್ಯರಿಗೋ ಅರಣ್ಯ ಇಲಾಖೆಗೋ ಕೂಡಲೇ ತಿಳಿಸಿ. ಸಾಕಿಕೊಳ್ಳುವ ಆಸೆ ಬೇಡ, ಕಾನೂನೂ ಒಪ್ಪುವುದಿಲ್ಲ. ಮತ್ತೆ, ಮರಕ್ಕೆ ಕೊಡಲಿ ಹಾಕುವ ಮೊದಲು ಒಮ್ಮೆ ತಲೆಯೆತ್ತಿ ನೋಡಿ.