ಜೇಬಿನ ಪರೀಕ್ಷೆ

"ಇನ್ಮೇಲೆ ಎಂಥಾ ಕೆಟ್ಟ ಸುದ್ದಿ ಇದ್ರೂ ಅವತ್ತೇ ನಿಂಗೆ ಹೇಳ್ತೀನಿ ಕಣೇ, ಮುಚ್ಚಿಡಲ್ಲ" ಎಂದು ಅಕ್ಕ ತಂಗಿಗೆ ಮಾತು ಕೊಟ್ಟದ್ದು ಇಬ್ಬರಿಗೂ ಮದುವೆಯಾಗುವ ಮುಂಚೆ, ಒದ್ದೆ ಬೆಡ್‌ಶೀಟೊಂದನ್ನು ಹಿಂಡುತ್ತಾ. ಅಮ್ಮನ ಕಾಯಿಲೆ ಕೈಮೀರಿದೆ ಎಂದು ಡಾಕ್ಟರು ಹೇಳಿದ ಮೇಲೂ, ಬೇರೆ ಊರಲ್ಲಿ ಓದುತ್ತಿದ್ದ ತಂಗಿಯ ಕ್ಲಾಸುಗಳೆಲ್ಲ ಮುಗಿಯಲಿ ಎಂದು ಅಕ್ಕ ಬಾಯಿ ಬಿಟ್ಟಿರಲಿಲ್ಲ. ಮುಗಿಸಿಕೊಂಡು ತಂಗಿ ಬಂದಾಗ ಅಮ್ಮ ಇರಲಿಲ್ಲ. ಆಮೇಲೆ ಎಷ್ಟೋ ತಿಂಗಳು ಒಂದೇ ಮನೆಯಲ್ಲಿದ್ದೂ ಇಬ್ಬರ ನಡುವೆ ಮಾತಿಲ್ಲ, ಕತೆಯಿಲ್ಲ. ಆದರೆ ದೊಡ್ಡ ಬೆಡ್‌ಶೀಟು ಹಿಂಡಲು ಇಬ್ಬರು ಬೇಕು. ಒಂದೊಂದು ತುದಿ ಹಿಡಿದು ಎದುರುಬದುರು ನಿಲ್ಲಲೇಬೇಕು. ಹಾಗೆ ನಿಂತಾಗ ಅಕ್ಕ ಆ ಮಾತು ಆಡಿದಳು. ತಂಗಿ ತನ್ನ ತುದಿಯನ್ನು ಇನ್ನೊಂದು ಸುತ್ತು ತಿರುವಿ, "ಅವತ್ತೇ ಅಂದ್ರೆ ಅವತ್ತೇ" ಎಂದಳು.

ಮಾತು ನಡೆದುಕೊಂಡೇ ಬಂತು. ಅಕ್ಕನ ಗಂಡ ಲಾರಿಯಿಂದ ಬಿದ್ದು ಕಾಲು ಮುರಿದುಕೊಂಡದ್ದು, ಮಗಳು ಗಣಿತದಲ್ಲಿ ಡುಮ್ಕಿ ಹೊಡೆದದ್ದು, ಎಲ್ಲ ಅವತ್ತವತ್ತೇ ತಂಗಿಯ ಕಿವಿಗೆ ಬಿದ್ದವು. ತಂಗಿ ಆಸೆಪಟ್ಟು ತಂದ ಪರದೆಗಳು ಥೇಟ್ ಆಸ್ಪತ್ರೆಯವು ಇದ್ದಹಾಗಿವೆ ಎನ್ನುವುದನ್ನೂ ಅಕ್ಕ ತಡಮಾಡದೆ ಹೇಳಿದ್ದಳು. "ಅಕ್ಕಾ, ಇದು ಕೆಟ್ಟ ಸುದ್ದಿ ಅಲ್ಲ, ಕೆಟ್ಟ ಬಾಯಿ" ಎಂದು ತಂಗಿ ಉಗಿದಿದ್ದಳು.

ಬಸ್ ನಿಲ್ದಾಣದ ಹಿಂದಿನ ಬೀದಿಯಲ್ಲಿ ಅಕ್ಕನದೊಂದು ಲಾಂಡ್ರಿ. ಬೀದಿಗೆಲ್ಲ ಅವಳು ಲಾಂಡ್ರಿ ಅಕ್ಕ. ಬಟ್ಟೆಯ ಜೇಬಿನಲ್ಲಿ ಸಿಕ್ಕಿದ್ದು ಯಾವುದೂ ನಮ್ಮದಲ್ಲ ಎನ್ನುವುದು ಆ ಅಂಗಡಿಯ ಮೊದಲ ಪಾಠ. ಚಿಲ್ಲರೆ, ಬೀಗದಕೈ, ಉಂಗುರ, ಒಮ್ಮೆ ಪೂರ್ತಿ ಒಂದು ಹಲ್ಲುಸೆಟ್ಟು, ಏನೇ ಸಿಗಲಿ, ಗಿರಾಕಿಯ ನಂಬರು ಕಟ್ಟಿಸಿಕೊಂಡು ಗಲ್ಲಾದ ಪಕ್ಕದ ಡಬ್ಬಿ ಸೇರುತ್ತಿತ್ತು. ಹೊಸಬರು ಕೆಲಸಕ್ಕೆ ಬಂದಾಗ ಅವಳು ರಾಶಿಯೊಳಗಿನ ಯಾವುದೋ ಪ್ಯಾಂಟಿನ ಜೇಬಿಗೆ ತಾನೇ ಒಂದು ನೋಟು ತುರುಕಿಡುತ್ತಿದ್ದಳು. ತಂದುಕೊಟ್ಟರೆ ಕೆಲಸ ಕಾಯಂ. ತಂದುಕೊಡದಿದ್ದರೆ ಸಂಜೆಗೆ ಚುಕ್ತಾ. ಅಂಗಡಿಯಲ್ಲಿ ಇಸ್ತ್ರಿ ಹಾಕುವ, ಎಲ್ಲರೂ ಇಸ್ತ್ರಿ ಮಾವ ಎಂದು ಕರೆಯುವ ಮುದುಕನೂ ಹಾಗೆ ಪಾಸಾಗಿ ಬಂದವನೇ. ತಲೆ ನರೆತ ಮೇಲೂ ಒಂದು ನಾಣ್ಯ ಸಿಕ್ಕರೆ ಸಾಕು, "ಏನಮ್ಮಾ, ಇನ್ನೂ ನನ್ನ ಮೇಲೆ ಅನುಮಾನವೋ? ಬರ್ತಾ ಬರ್ತಾ ಪರೀಕ್ಷೆ ಅಗ್ಗ ಆಗೋಯ್ತಲ್ಲ" ಎಂದು ರಾಗ ಎಳೆಯುತ್ತಿದ್ದ.

ಫೋನಿನಲ್ಲಿ ಕಂಡ ಜಾಹೀರಾತನ್ನು ಅಕ್ಕ ಒತ್ತಿದ ಮಾರನೆಯ ದಿನವೇ ಕರೆ ಬಂತು. "ಅಕ್ಕಾ, ನಾನು ನಿಮ್ಮ ಹೂಡಿಕೆ ಸಲಹೆಗಾರ." ಧ್ವನಿಯಲ್ಲಿ ಎಂಥ ವಿನಯ ಅಂತೀರಿ! ಷೇರು, ವಿದೇಶಿ ಮಾರುಕಟ್ಟೆ ಎಂದೇನೇನೋ ಹೇಳಿದ. ನಷ್ಟ ಅನ್ನೋ ಮಾತೇ ಇಲ್ಲ, ತಿಂಗಳಿಗಿಷ್ಟು ಗ್ಯಾರಂಟಿ ಎಂದ. ಆಮೇಲಿಂದ ದಿನವೂ "ಊಟ ಆಯ್ತಾ ಅಕ್ಕಾ?" ಎಂದು ವಿಚಾರಿಸುತ್ತಿದ್ದ. ಕಟ್ಟಿಕೊಂಡ ಗಂಡ ಕೇಳದ ಮಾತು ಅದು.

ಹಾಗೆಂದು ಅಕ್ಕ ಕಣ್ಣುಮುಚ್ಚಿ ಬಾವಿಗೆ ಹಾರುವವಳಲ್ಲ. ಸಣ್ಣದೊಂದು ಮೊತ್ತ ಹಾಕಿದಳು. ಒಂದು ವಾರ ಬಿಟ್ಟು, ಅರ್ಜೆಂಟಿದೆ, ವಾಪಸ್ ಬೇಕು ಎಂದಳು. ಲಾಭದ ಸಮೇತ ಮರುದಿನ ಖಾತೆಗೆ ಬಂತು. ಅವಳ ಮುಖ ಅರಳಿದ್ದನ್ನು ನೋಡಬೇಕಿತ್ತು! ಕೂಡಲೇ ತಂಗಿಗೆ ಫೋನು.

"ಜೇಬಿನ ಪರೀಕ್ಷೆ ಇಟ್ಟಿದ್ದೆ ಕಣೇ. ಪಾಸಾದ!"

"ಅಯ್ಯೋ, ಅವನಿಗೂ ಪ್ಯಾಂಟು ಒಗೆಯಕ್ಕೆ ಕೊಟ್ಯಾ?" ಎಂದು ತಂಗಿ ನಕ್ಕಳು. ನಕ್ಕರೂ ಅವಳ ಮನಸ್ಸು ಆಗಿನಿಂದಲೇ ಅತ್ತ ವಾಲಿತು.

ಹೊಸ ಒಗೆಯುವ ಯಂತ್ರಕ್ಕೆಂದು ಇಟ್ಟದ್ದು, ಮಗಳ ಕಾಲೇಜಿಗೆಂದು ಇಟ್ಟದ್ದು, ಎರಡೂ ಒಂದಾದ ಮೇಲೊಂದು ಹೋದವು. ಫೋನಿನ ಪರದೆಯಲ್ಲಿ ಹಸಿರು ಗೆರೆ ಏರುತ್ತಿತ್ತು. "ಅಮ್ಮಾ, ಈ ಆ್ಯಪು ಎಲ್ಲರಿಗೂ ಸಿಗೋ ಜಾಗದಲ್ಲಿ ಇಲ್ವಲ್ಲ. ಅವರು ಕಳ್ಸಿದ ಲಿಂಕಿಂದಲೇ ಯಾಕೆ ಹಾಕ್ಕೋಬೇಕು?" ಎಂದು ಮಗಳು ಕೇಳಿದ್ದಳು. "ನೀನು ಮೊದಲು ಗಣಿತ ಪಾಸ್ ಮಾಡು ತಾಯಿ, ಆಮೇಲೆ ನಂಗೆ ಪಾಠ ಹೇಳು" ಎಂದು ಅಕ್ಕ ಅವಳ ಬಾಯಿ ಮುಚ್ಚಿಸಿದ್ದಳು. ಇಸ್ತ್ರಿ ಮಾವನ ಎದುರಿಗೇ.

ತಂಗಿ ಒಂದು ಶಿಶುವಿಹಾರದಲ್ಲಿ ಮಕ್ಕಳನ್ನು ನೋಡಿಕೊಳ್ಳುವವಳು. ಅತ್ತೆಮನೆಯ ಹಜಾರಕ್ಕೆ ಅಡ್ಡಲಾಗಿ ಒಂದು ಬೀರು ಇಟ್ಟು, ಆಚೆ ಅತ್ತೆ ಮಾವ, ಈಚೆ ಇವಳೂ ಗಂಡನೂ ಸಂಸಾರ ಹೂಡಿದ್ದರು. ಈಚೆ ಕೆಮ್ಮಿದರೆ ಆಚೆಯಿಂದ "ಬಿಸಿನೀರು ಕುಡೀರಿ" ಎಂಬ ಸಲಹೆ ಬರುತ್ತಿತ್ತು. ಎರಡು ಕೋಣೆಯದಾದರೂ ಸರಿ, ಬೇರೆ ಮನೆ ಮಾಡಬೇಕೆಂದು ಮುಂಗಡಕ್ಕೆ ಅವಳು ಎಷ್ಟೋ ವರ್ಷದಿಂದ ಕೂಡಿಡುತ್ತಿದ್ದಳು. "ಅಕ್ಕಾ ಅಕ್ಕಾ ಅಂತಾನಲ್ಲ, ಆ ನಿನ್ನ ತಮ್ಮನ ನಂಬರು ಕೊಡೇ" ಎಂದು ಕೇಳಿದಾಗ ಅಕ್ಕ ತನ್ನ ಕೈಯಾರೆ ಕೊಟ್ಟಳು. ಕೊಟ್ಟದ್ದಲ್ಲದೆ, "ನನ್ನ ತಂಗಿ, ಚೆನ್ನಾಗಿ ನೋಡ್ಕೋಬೇಕು" ಎಂದು ಅವನಿಗೆ ಶಿಫಾರಸು ಬೇರೆ ಮಾಡಿದಳು.

ಹಳೆಯ ಯಂತ್ರ ಪೂರ್ತಿ ಕೈಕೊಟ್ಟಾಗ ಅಕ್ಕ ಹಣ ವಾಪಸ್ ಕೇಳಿದಳು. ಖಂಡಿತ ಅಕ್ಕಾ ಎಂದ ಸಲಹೆಗಾರ. ತೆರಿಗೆ ಮೊದಲು ಕಟ್ಟಬೇಕು ಎಂದ. ಕಟ್ಟಿದಳು. ಆಮೇಲೆ ಖಾತೆ ಬಿಡಿಸುವ ಶುಲ್ಕ ಎಂದ, ಇವತ್ತು ಸಂಜೆಯೊಳಗೆ ಕಟ್ಟದಿದ್ದರೆ ಎಲ್ಲ ಮುಟ್ಟುಗೋಲು ಎಂದ. ಗಲ್ಲಾದಲ್ಲಿದ್ದದ್ದನ್ನೆಲ್ಲ ಬಾಚಿಕೊಂಡು ಮಧ್ಯಾಹ್ನ ಅವಳು ಬ್ಯಾಂಕಿಗೆ ಹೋದಳು.

ಕೌಂಟರಿನ ಮೇಡಂ ಅವಳ ಹಳೇ ಗಿರಾಕಿ. "ಬನ್ನಿ ಅಕ್ಕಾ, ನನ್ನ ಕೋಟು ರೆಡಿನಾ?" ಎಂದು ನಗುತ್ತಲೇ ಚೀಟಿ ತೆಗೆದುಕೊಂಡವಳು, ಖಾತೆಯ ಹೆಸರು ನೋಡಿ ನಗು ನಿಲ್ಲಿಸಿದಳು.

"ಕಂಪನಿಗೆ ಅಂತೀರಿ. ಇದು ಯಾರದೋ ಸ್ವಂತ ಖಾತೆ. ಹೋದ ಸಲದ್ದು ಬೇರೆ ಹೆಸರು, ಅದರ ಹಿಂದಿನದ್ದು ಇನ್ನೊಂದು. ನಿಮಗೆ ಏನೂ ಅನ್ನಿಸ್ಲಿಲ್ವಾ?"

"ಶಾಖೆ ಬೇರೆ ಬೇರೆ ಅಂದ್ರು ಮೇಡಂ."

"ಮುಖ ನೋಡಿದ್ದೀರಾ ಅವರದ್ದು?"

"ವಿಡಿಯೋ ಯಾವಾಗ್ಲೂ ಕೆಟ್ಟಿರುತ್ತೆ. ಆದ್ರೆ ಲೈಸೆನ್ಸ್ ಕಳ್ಸಿದ್ದಾರೆ, ಸೀಲೂ ಇದೆ."

"ಅವರು ಕಳ್ಸಿದ್ದನ್ನ ನೋಡಿ ಅವರನ್ನೇ ನಂಬಿದ್ರಾ? ಸರ್ಕಾರದ ಪಟ್ಟಿಯಲ್ಲಿ ಹೆಸರಿದೆಯಾ ಅಂತ ನೋಡ್ಬೇಕಿತ್ತು." ಮೇಡಂ ಆಗಲೇ ಕಂಪ್ಯೂಟರಿನಲ್ಲಿ ಹುಡುಕುತ್ತಿದ್ದಳು. ತಲೆಯಾಡಿಸಿದಳು. "ಇಲ್ಲ. ನಿಮ್ಮ ದುಡ್ಡು ನಿಮಗೆ ಕೊಡೋಕೆ ನಿಮ್ಮಿಂದಲೇ ದುಡ್ಡು ಕೇಳೋದು ಯಾವ ನ್ಯಾಯ ಅಕ್ಕಾ? ತೆರಿಗೆ ಇದ್ರೆ ಅದರಲ್ಲೇ ಮುರ್ಕೊಂಡು ಕೊಡೋದಪ್ಪ."

ಇಷ್ಟು ಸರಳವಾದ ಮಾತು ತನಗೆ ಯಾಕೆ ಹೊಳೆಯಲಿಲ್ಲ? ಹಿಂದೆ ಸರತಿಯಲ್ಲಿ ನಿಂತವರೆಲ್ಲ ಪರಿಚಯದ ಮುಖಗಳು, ಅವಳು ಕಾಲರು ಉಜ್ಜಿದ ಅಂಗಿಗಳು. ಆದರೂ ಒಂದು ಮಾತು ಉಳಿದಿತ್ತು. ಅದನ್ನು ಹೇಳಿ ಮರ್ಯಾದೆ ಸ್ವಲ್ಪವಾದರೂ ಉಳಿಸಿಕೊಳ್ಳಬಹುದು ಎನ್ನಿಸಿತು.

"ನಾನೇನು ಸುಮ್ನೆ ನಂಬ್ಲಿಲ್ಲ ಮೇಡಂ. ಮೊದಲು ಸ್ವಲ್ಪ ಹಾಕಿ ವಾಪಸ್ ಕೇಳಿದೆ. ಪರೀಕ್ಷೆ ಮಾಡಿದೆ. ಕೊಟ್ರು."

ಮೇಡಂ ಧ್ವನಿ ತಗ್ಗಿಸಿದಳು. ಬೈದಿದ್ದರೆ ತಡೆದುಕೊಳ್ಳಬಹುದಿತ್ತು. "ಎಲ್ರೂ ಹಾಗೇ ಕೇಳ್ತಾರೆ ಅಕ್ಕಾ. ಅವರು ಅದಕ್ಕೇ ಕಾಯ್ತಿರ್ತಾರೆ."

ಇಷ್ಟು ವರ್ಷ ಅಕ್ಕ ಕೆಲಸದವರನ್ನು ಅಳೆದ ಕೋಲಿನಿಂದಲೇ ಅವನು ಅವಳನ್ನು ಅಳೆದುಬಿಟ್ಟಿದ್ದ. ಜೇಬಿಗೆ ನೋಟು ತುರುಕಿದ್ದವನು ಅವನು. ಓಡೋಡಿ ಬಂದವಳು ಇವಳು.

"ಬೇರೆ ಯಾರಿಗಾದ್ರೂ ಇವರ ನಂಬರು ಕೊಟ್ಟಿದ್ದೀರಾ? ಕೊಟ್ಟಿದ್ರೆ ಈಗ್ಲೇ ಹೇಳಿ, ತಡೀಬಹುದು."

"ಇಲ್ಲ ಮೇಡಂ, ಯಾರಿಗೂ ಇಲ್ಲ." ಮಾತು ತಾನಾಗಿಯೇ ಬಾಯಿಂದ ಬಿತ್ತು.

"ಸದ್ಯ! ಅಷ್ಟಾದ್ರೂ ಪುಣ್ಯ" ಎಂದಳು ಮೇಡಂ.

ದೂರು ಬರೆದುಕೊಟ್ಟು ಅಂಗಡಿಗೆ ಬಂದಾಗ ಇಸ್ತ್ರಿ ಮಾವ "ಯಾಕಮ್ಮಾ, ಮುಖ ಹಿಂಡಿದ ಬಟ್ಟೆ ಥರ ಇದೆ?" ಎಂದ. "ಬಿಸಿಲು" ಎಂದಳು. ಹೊರಗೆ ಮೋಡ ಮುಸುಕಿತ್ತು. ಮಾವ ಹೊರಗೆ ನೋಡಿದ, ಅವಳನ್ನು ನೋಡಿದ, ಇಸ್ತ್ರಿಪೆಟ್ಟಿಗೆ ಎತ್ತಿಕೊಂಡ.

ತಂಗಿಗೆ ಫೋನ್ ಮಾಡಲು ನಂಬರು ತೆಗೆದಳು. ಈಗ ಮಕ್ಕಳು ಮಲಗಿರುತ್ತವೆ, ಎಬ್ಬಿಸಿದಂತಾಗುತ್ತದೆ ಎಂದು ಇಟ್ಟಳು. ಆಮೇಲೆ, ಈಗ ಮನೆಗೆ ಹೋಗುವ ಹೊತ್ತು, ಬಸ್ಸಿನಲ್ಲಿ ನೂಕುನುಗ್ಗಲು ಎಂದುಕೊಂಡಳು. ಆಮೇಲೆ, ಇಂಥದ್ದನ್ನೆಲ್ಲ ಫೋನಲ್ಲಿ ಹೇಳಬಾರದು, ಎದುರಿಗೇ ಹೇಳಬೇಕು ಎನ್ನಿಸಿತು. ಒಂದೊಂದು ನೆಪವೂ ಎಷ್ಟು ಚೆನ್ನಾಗಿ ಇಸ್ತ್ರಿ ಮಾಡಿಕೊಂಡು ಬರುತ್ತಿತ್ತೆಂದರೆ, ಅವಳಿಗೇ ಅವು ನೆಪವೆಂದು ತಿಳಿಯುತ್ತಿರಲಿಲ್ಲ. ಇಲ್ಲ, ತಿಳಿಯುತ್ತಿತ್ತು. ಆದರೆ ‘ನಾನು ಮೋಸಹೋದೆ’ ಎಂಬ ಎರಡು ಪದ ನಾಲಿಗೆಗೆ ಬರುತ್ತಿರಲಿಲ್ಲ. ಹಲ್ಲುಸೆಟ್ಟನ್ನೂ ವಾಪಸ್ ಕೊಟ್ಟ ಅಂಗಡಿಯವಳು, ಪರೀಕ್ಷೆಯ ಬಗ್ಗೆ ಊರಿಗೆಲ್ಲ ಕೊಚ್ಚಿಕೊಂಡವಳು.

ಅಂಗಡಿ ಬಾಗಿಲು ಹಾಕುವ ಹೊತ್ತಿಗೆ, ಬಸ್ಸಿಳಿದು ಮನೆಯತ್ತ ನಡೆಯುತ್ತಾ, ತಂಗಿಯೇ ಫೋನ್ ಮಾಡಿದಳು. ಮಗಳು ಕೌಂಟರಿನ ಮೇಲೆ ಪುಸ್ತಕ ಹರಡಿಕೊಂಡು ಕುಳಿತಿದ್ದಳು. ಮಾವ ಕೊನೆಯ ಅಂಗಿಯ ತೋಳು ತಿದ್ದುತ್ತಿದ್ದ.

"ಅಕ್ಕಾ, ನಿನ್ನ ತಮ್ಮ ಬಿಡ್ತಾನೇ ಇಲ್ಲ ಕಣೇ. ಇವತ್ತೊಳಗೆ ಹಾಕಿದ್ರೆ ಬೋನಸ್ ಅಂತೆ, ನಾಳೆ ಆದ್ರೆ ಇಲ್ವಂತೆ. ಗಂಡನಿಗೂ ಹೇಳಬೇಡಿ, ಲಾಭ ಬಂದ ಮೇಲೆ ಸರ್‌ಪ್ರೈಸ್ ಕೊಡಿ ಅಂತಾನೆ. ನನ್ನ ಗಂಡನಿಗೆ ಸರ್‌ಪ್ರೈಸ್ ಕೊಟ್ರೆ ಎದೆ ಹಿಡ್ಕೊಂಡು ಬೀಳ್ತಾನೆ ಅಂದೆ."

"ನಾಳೆ... ನಾಳೆ ನಾನೇ ಬರ್ತೀನಿ. ಆಮೇಲೆ ಹಾಕು."

"ನಾಳೆ ಬೋನಸ್ ಇಲ್ಲ ಅಂದ್ನಲ್ಲ."

"ಹೋದ್ರೆ ಹೋಗ್ಲಿ ಬಿಡೇ."

"ಅಬ್ಬಾ! ನೀನು ಮಾತ್ರ ಹಾಕಿ ಕೂತ್ಕೊಂಡು, ನಾನು ಸಾಯೋ ತನಕ ಬೀರು ಸಂದೀಲೇ ಇರ್ಲಿ ಅಂತಾನಾ?" ನಗುತ್ತಿದ್ದ ತಂಗಿ ನಗು ನಿಲ್ಲಿಸಿದಳು. "ಯಾಕೇ, ಏನಾದ್ರೂ ಆಯ್ತಾ?"

ಮಗಳು ಪುಸ್ತಕದಿಂದ ತಲೆಯೆತ್ತಿದಳು. ಮಾವನ ಕೈ ಅಂಗಿಯ ಮೇಲೆ ನಿಂತಿತು, ಅಥವಾ ನಿಂತಂತೆ ಅಕ್ಕನಿಗೆ ಕಂಡಿತು.

"ಏನಿಲ್ಲ" ಎಂದಳು ಅಕ್ಕ. "ಸುಸ್ತು ಅಷ್ಟೇ."

"ಹಂಗಾದ್ರೆ ಸರಿ. ಏನಾದ್ರೂ ಇದ್ದಿದ್ರೆ ನೀನು ಹೇಳ್ದೆ ಬಿಡ್ತಿದ್ಯಾ" ಎಂದು ತಂಗಿ ಫೋನಿಟ್ಟಳು.

ಆ ಮೇಲೂ ಹೊತ್ತಿತ್ತು. ತಂಗಿ ಮನೆ ಸೇರಿ, ಬೀರುವಿನ ಈಚೆ ಕುಳಿತು, ಗಂಡ ಬರುವುದರೊಳಗೆ ಹಣ ಕಳಿಸುವವರೆಗೂ ಹೊತ್ತಿತ್ತು. ಅಕ್ಕ ಮನೆಗೆ ಬಂದು ಅಡುಗೆ ಮಾಡಿದಳು, ಬಡಿಸಿದಳು, ಪಾತ್ರೆ ತೊಳೆದಳು. ಫೋನು ಅಲ್ಲೇ ಕಿಟಕಿಯ ಮೇಲಿತ್ತು.

ಬೆಳಿಗ್ಗೆ ಅಂಗಡಿ ತೆರೆಯದೆ ನೇರವಾಗಿ ಶಿಶುವಿಹಾರಕ್ಕೆ ಹೋದಳು. ತಂಗಿ ಹೆಗಲ ಮೇಲೆ ಯಾರದೋ ಕೂಸನ್ನು ಹಾಕಿಕೊಂಡು ಬೆನ್ನು ತಟ್ಟುತ್ತಿದ್ದಳು. ಸಾಲಾಗಿದ್ದ ಪುಟ್ಟ ಮಂಚಗಳ ನಡುವೆ ದಾರಿ ಮಾಡಿಕೊಂಡು ಬಂದು, ಒಂದೇ ಕೈಯಲ್ಲಿ ಫೋನು ತೆಗೆದು ತೋರಿಸಿದಳು. "ನೋಡೇ, ಒಂದೇ ರಾತ್ರಿಗೆ ಎಷ್ಟು ಏರಿದೆ! ನಿನ್ನ ಹೆಸರು ಹೇಳಿದ್ದಕ್ಕೆ ಡಬಲ್ ಬೋನಸ್ ಅಂತೆ."

ಹಸಿರು ಗೆರೆ. ಅದೇ ಗೆರೆ, ಅದೇ ಏರು.

"ಅದು ಸುಳ್ಳು ಕಣೇ" ಎಂದಳು ಅಕ್ಕ. "ಕಂಪನಿ ಇಲ್ಲ, ಏನೂ ಇಲ್ಲ. ನಂದೆಲ್ಲ ಹೋಯ್ತು. ಮಗಳದ್ದೂ ಹೋಯ್ತು."

ತಂಗಿ ಬೆನ್ನು ತಟ್ಟುವುದನ್ನು ನಿಲ್ಲಿಸಲಿಲ್ಲ. ಕೂಸು ತೇಗಿತು. ಅದರ ಬಾಯನ್ನು ಬಟ್ಟೆಯಿಂದ ಒರೆಸಿದಳು. "ಯಾವಾಗ ಗೊತ್ತಾಯ್ತು?"

"ನಿನ್ನೆ."

"ನಾನು ಫೋನ್ ಮಾಡೋಕೆ ಮೊದಲೋ, ಆಮೇಲೋ?"

ಸುಳ್ಳು ಹೇಳಲು ಜಾಗವಿತ್ತು. ‘ಆಮೇಲೆ’ ಎಂದಿದ್ದರೆ ತಂಗಿ ನಂಬುತ್ತಿದ್ದಳು. ಅಕ್ಕ ನೆಲದ ಮೇಲೆ ಬಿದ್ದಿದ್ದ ಒಂದು ಗಿಲಕಿಯನ್ನು ನೋಡುತ್ತಾ, "ಮೊದಲು" ಎಂದಳು.

"ನಾನು ಕೇಳ್ದೆ ಅಲ್ವಾ, ಏನಾದ್ರೂ ಆಯ್ತಾ ಅಂತ."

"ಕೇಳ್ದೆ."

"ನೀನು ಏನಿಲ್ಲ ಅಂದೆ."

"ನಾಚಿಕೆ ಆಯ್ತು ಕಣೇ. ಮಗಳಿದ್ಲು, ಮಾವ ಇದ್ದ. ಬಾಯಿ ಬರ್ಲಿಲ್ಲ."

"ನೀನು ಸುಮ್ನಿದ್ದೆ ಅಂತಲೇ ಹಾಕ್ದೆ ಅಕ್ಕಾ. ಅವನನ್ನ ನಂಬಿ ಅಲ್ಲ." ತಂಗಿಯ ಧ್ವನಿ ಏರಲಿಲ್ಲ, ಮಕ್ಕಳು ಮಲಗಿದ್ದವು. ಕೂಸನ್ನು ಮಂಚದ ಮೇಲೆ ಮಲಗಿಸಿ, ಹೊದಿಕೆ ಸರಿಮಾಡಿ, "ಬ್ಯಾಂಕಿಗೆ ಹೋಗ್ಬೇಕು, ದಾರಿ ಬಿಡು" ಎಂದಳು.

"ನಾನೂ ಬರ್ತೀನಿ. ಮೇಡಂ ನಂಗೆ ಗೊತ್ತು."

"ಬೇಡ. ನಾನೊಬ್ಬಳೇ ಕೇಳ್ಕೋತೀನಿ."

ಬ್ಯಾಂಕಿನಲ್ಲಿ ಮೇಡಂ ಅವಳ ದೂರನ್ನೂ ಬರೆದುಕೊಂಡಳು. ಹಣ ರಾತ್ರಿಯೇ ಮೂರು ಖಾತೆ ದಾಟಿಹೋಗಿತ್ತು. ನಿನ್ನೆ ಮಧ್ಯಾಹ್ನವೇ ತಿಳಿಸಿದ್ದರೆ ಎಂದು ಮೇಡಂ ಶುರುಮಾಡಿದ ಮಾತನ್ನು ಅರ್ಧಕ್ಕೇ ನಿಲ್ಲಿಸಿದಳು. ಅಂದು ಸಂಜೆ ಅಕ್ಕ ಮಗಳನ್ನೂ ಮಾವನನ್ನೂ ಎದುರಿಗೆ ಕೂರಿಸಿಕೊಂಡು ನಡೆದದ್ದೆಲ್ಲ ಹೇಳಿದಳು. ಮಾವ ತಮಾಷೆ ಮಾಡಲಿಲ್ಲ, ಅದೇ ಅವಳಿಗೆ ಹೆಚ್ಚು ನಾಟಿತು. ತಂಗಿ ಫೋನು ಎತ್ತಲಿಲ್ಲ.

ಅವತ್ತೇ ಹೇಳುತ್ತೇನೆಂದು ಅಕ್ಕ ಮಾತು ಕೊಟ್ಟಿದ್ದಳು. ಅವತ್ತು ಹೇಳಲಿಲ್ಲ. ಮಾತು ತಪ್ಪಿದಳು.