ತಾರಾಗರ್ಭ ಓದಿದ ಬಾಯಿ

ನಾಟಕ ಕಂಪನಿಯಲ್ಲಿ ಎಲ್ಲರೂ ಅವನನ್ನು ಶಿಷ್ಯ ಎಂದೇ ಕರೆಯುತ್ತಿದ್ದರು. ತಲೆ ಬೋಳಾಗಿತ್ತು, ಮಂಡಿನೋವು ಶುರುವಾಗಿತ್ತು, ಮಗಳು ಎದೆಯೆತ್ತರ ಬೆಳೆದಿದ್ದಳು. ಆದರೂ ಶಿಷ್ಯ ಶಿಷ್ಯನೇ. ಕಂಪನಿಗೆ ಅನ್ನ ಹಾಕುತ್ತಿದ್ದುದು ಒಂದೇ ನಾಟಕ, ‘ತಾರಾಗರ್ಭ’. ಅದೊಂದು ಪುಸ್ತಕದ ಕಥೆ. ಯಾವ ನಕ್ಷತ್ರ ಏಕೆ ಹೊತ್ತಿಕೊಂಡಿತು, ಯಾವಾಗ ಆರುತ್ತದೆ ಎಂಬುದರಿಂದ ಹಿಡಿದು ಸೃಷ್ಟಿಯ ಗುಟ್ಟೆಲ್ಲ ಅದರಲ್ಲಿದೆಯಂತೆ. ಪೂರ್ತಿ ಓದಿದವನಿಗೆ ತಿಳಿಯದ್ದು ಏನೂ ಉಳಿಯುವುದಿಲ್ಲವಂತೆ. ಕೊನೆಯ ಅಂಕದಲ್ಲಿ ಗುರು ಅದನ್ನು ತೆರೆದು ಓದುತ್ತಾನೆ. ಶಿಷ್ಯ ಅವನೆದುರು, ಜನರಿಗೆ ಬೆನ್ನು ಹಾಕಿ ಕೂತು ಕೇಳುತ್ತಾನೆ. ಹನ್ನೆರಡು ವರ್ಷಗಳಿಂದ ಜನ ನೋಡಿದ್ದು ಇವನ ಬೆನ್ನನ್ನು ಮಾತ್ರ.

ಪುಸ್ತಕವೆಂದರೆ ಬಣ್ಣದಂಗಡಿಯವರು ಬಿಸಾಕಿದ್ದ ಮಾದರಿ ಪುಸ್ತಕ, ಅದಕ್ಕೊಂದು ರಟ್ಟು, ಮೇಲೆ ಹೊಳೆಯುವ ಕಾಗದ. ಅಷ್ಟಾದರೂ ಆಟ ಮುಗಿದ ಮೇಲೆ ಜನ ಸಾಲುಗಟ್ಟಿ ಬಂದು, ಒಂದು ಸಲ ಮುಟ್ಟಬಹುದೇ ಎಂದು ಕೇಳುತ್ತಿದ್ದರು. ಗುರುವಿನ ಪಾತ್ರ ಮಾಡುವ ಹಿರಿಯ ನಟ, ಕಂಪನಿಗೆಲ್ಲ ದೊಡ್ಡಣ್ಣ, ಅದನ್ನು ತಾನೇ ಬರೆದವನ ಗತ್ತಿನಲ್ಲಿ ಮುಟ್ಟಿಸುತ್ತಿದ್ದ. ನೋಡಿದಾಗಲೆಲ್ಲ ಶಿಷ್ಯನ ಹೊಟ್ಟೆಗೆ ಬೆಂಕಿ ಬೀಳುತ್ತಿತ್ತು.

ಹೊಟ್ಟೆಕಿಚ್ಚಿಗೆ ಕಾರಣ ಇರಲಿಲ್ಲ ಎನ್ನುವಂತಿಲ್ಲ. ದೊಡ್ಡಣ್ಣ ಆ ಮಾತುಗಳನ್ನು ಕೊಲ್ಲುತ್ತಿದ್ದ. ‘ನಕ್ಷತ್ರಗಳು ಉರಿಯುವುದು ಬೆಳಕು ಕೊಡಲಿಕ್ಕಲ್ಲ, ಒಂಟಿತನಕ್ಕೆ’ ಎಂಬುದನ್ನು ಸಂತೆಯಲ್ಲಿ ಈರುಳ್ಳಿ ಮಾರುವವನ ಹಾಗೆ ಕೂಗುತ್ತಿದ್ದ. ‘ಕೊಡಲಿಕ್ಕಲ್ಲ’ ಎಂದ ಮೇಲೆ ಒಂದು ಉಸಿರು ನಿಲ್ಲಬೇಕು, ಆಮೇಲೆ ತಗ್ಗಿದ ದನಿಯಲ್ಲಿ ‘ಒಂಟಿತನಕ್ಕೆ’ ಎನ್ನಬೇಕು. ಶಿಷ್ಯ ಇದನ್ನು ಬಚ್ಚಲುಮನೆಯಲ್ಲಿ ಹೇಳಿ ಹೇಳಿ ಹದ ಮಾಡಿಟ್ಟುಕೊಂಡಿದ್ದ. ಕಂಪನಿಯ ಬಟ್ಟೆ ಹೊಲಿಯುವ ಅವನ ಹೆಂಡತಿ, ಯಾವ ನಕ್ಷತ್ರವೂ ನಿಮ್ಮಷ್ಟು ಉರಿಯಲಿಕ್ಕಿಲ್ಲ ಬಿಡಿ ಎಂದು ನಗುತ್ತಿದ್ದಳು.

ಈಚೆಗೆ ದೊಡ್ಡಣ್ಣ ಅಲ್ಲಲ್ಲಿ ತಡವರಿಸತೊಡಗಿದ. ಕಂಪನಿಯ ಯಜಮಾನಿ ಶಿಷ್ಯನನ್ನು ಕರೆದು, ಇನ್ನೊಂದು ಸಲ ಅವರು ನಡುವೆ ನಿಂತುಬಿಟ್ಟರೆ ಗುರುವಿನ ಪಾತ್ರ ನಿನಗೇ ಎಂದಳು. ಹಿಂದೆಯೂ ಹೀಗೆ ಮೂಗಿಗೆ ತುಪ್ಪ ಸವರಿದವಳೇ. ಆದರೆ ಈ ಸಲ ಗುರುವಿನ ನಿಲುವಂಗಿಗೆ ಗಂಡನ ಅಳತೆ ತೆಗೆದಿಡು ಎಂದು ಅವನ ಹೆಂಡತಿಗೂ ಹೇಳಿದ್ದಳು.

ದೊಡ್ಡಣ್ಣ ಮಾತುಗಳನ್ನು ದಪ್ಪಕ್ಷರದಲ್ಲಿ ಬರೆಸಿ ಪುಸ್ತಕದೊಳಗೆ ಅಂಟಿಸಿಕೊಂಡಿದ್ದು ಶಿಷ್ಯನಿಗೆ ಗೊತ್ತಿತ್ತು. ಶನಿವಾರ ಎಲ್ಲರೂ ಮುಖಕ್ಕೆ ಬಣ್ಣ ಬಳಿದುಕೊಳ್ಳುತ್ತಿದ್ದಾಗ ಆ ಚೀಟಿಗಳನ್ನೆಲ್ಲ ಕಿತ್ತು ಒಲೆಗೆ ಹಾಕಿದ. ಕೊನೆಯ ಅಂಕದಲ್ಲಿ, ಈಗ ನಿಲ್ಲುತ್ತಾನೆ, ಇಲ್ಲಿ ನಿಲ್ಲುತ್ತಾನೆ ಎಂದು ಒಂದೊಂದು ಮಾತನ್ನೂ ಎಂದಿನಂತೆ ಮನಸ್ಸಿನಲ್ಲೇ ಹೇಳಿಕೊಳ್ಳುತ್ತ ಕಾದು ಕೂತ. ದೊಡ್ಡಣ್ಣ ಎಲ್ಲೂ ನಿಲ್ಲದೆ ಓದಿ ಮುಗಿಸಿದ.

ಬಣ್ಣ ಒರೆಸಿಕೊಳ್ಳುವಾಗ ಶಿಷ್ಯನಿಗೆ ತಡೆಯಲಾಗಲಿಲ್ಲ. ಇವತ್ತು ಅಕ್ಷರ ಚೆನ್ನಾಗಿ ಕಂಡಿತೇ ಎಂದು ಕೇಳಿದ. ದೊಡ್ಡಣ್ಣ ಬಾಗಿಲ ಕಡೆ ನೋಡಿ ದನಿ ತಗ್ಗಿಸಿದ.

“ಎಲ್ಲಿ ಕಾಣುತ್ತೆ ತಮ್ಮಾ? ಹತ್ತಿರದ್ದೆಲ್ಲ ಮಂಜಾಗಿ ಎರಡು ವರ್ಷ ಆಯ್ತು, ಅಂಟಿಸಿಕೊಂಡ ದಪ್ಪಕ್ಷರಾನೂ ಕಾಣಲ್ಲ. ಬ್ರಹ್ಮಾಂಡ ಕಂಡೋನು ಕನ್ನಡಕ ಹಾಕ್ಕೊಂಡು ಕೂರೋಕಾಗುತ್ತಾ? ದೂರದ್ದು ಕಾಣುತ್ತೆ. ನಿನ್ನ ಬಾಯಿ ನೋಡ್ಕೊಂಡೇ ನಾನು ಹೇಳೋದು.”

“ನನ್ನ ಬಾಯಾ?” ಎಂದ ಶಿಷ್ಯ.

“ನಿನ್ನ ತುಟಿ ಆಡ್ತಿರುತ್ತಲ್ಲ, ನನಗಿಂತ ಒಂದು ಮಾತು ಮುಂದೆ. ನನಗೋಸ್ಕರಾನೇ ಅಲ್ವಾ ಮಾಡೋದು? ನಿನ್ನ ಹೊಟ್ಟೆ ತಣ್ಣಗಿರಲಿ.”

ಪಾತ್ರ ತನಗೆ ಸಿಗಲಿಲ್ಲವೆಂಬ ಸಂಕಟದಲ್ಲಿ ಗೊಣಗಿದ್ದೆಲ್ಲ ದೊಡ್ಡಣ್ಣನಿಗೆ ಊರುಗೋಲಾಗಿತ್ತು. ಶಿಷ್ಯನಿಗೆ ಮೈಯೆಲ್ಲ ಪರಚಿಕೊಳ್ಳುವಂತಾಯಿತು. ಮನೆ ಸೇರುವಷ್ಟರಲ್ಲಿ ಸಮಾಧಾನವೂ ಆಯಿತು. ಇನ್ನು ಯಾವ ಕಳ್ಳತನವೂ ಬೇಡ, ಬಾಯಿ ಮುಚ್ಚಿಕೊಂಡಿದ್ದರೆ ಸಾಕು.

ಭಾನುವಾರದ ಆಟಕ್ಕೆ ಹಲ್ಲು ಕಚ್ಚಿಕೊಂಡೇ ಕೂತ. ಪರದೆಯ ಮರೆಯಲ್ಲಿ ಯಜಮಾನಿ ನಿಂತಿದ್ದಳು. ದೊಡ್ಡಣ್ಣ ಅಭ್ಯಾಸಬಲದಿಂದ ಮೊದಲ ಸಾಲುಗಳನ್ನು ದಾಟಿಸಿದ. ‘ನಕ್ಷತ್ರಗಳು ಉರಿಯುವುದು’ ಎಂದು ಶುರುಮಾಡಿ ನಿಂತ. ಯಾರೋ ಕೆಮ್ಮಿದರು. ದೊಡ್ಡಣ್ಣನ ಕಣ್ಣು ಶಿಷ್ಯನ ಬಾಯಿಯ ಮೇಲೇ ಇತ್ತು. ಗಾಬರಿಯಿಲ್ಲ, ತುತ್ತಿಗೆ ಕಾಯುವ ಮಗುವಿನ ಹಾಗೆ ಕಾಯುತ್ತಿದ್ದ. ಇನ್ನೊಂದು ಗಳಿಗೆ ತಡೆದರೆ ನಿಲುವಂಗಿ ತನ್ನದು. ಆದರೆ ನಿಂತಿದ್ದು ಅದೇ ಸಾಲಿನಲ್ಲಿ. ದೊಡ್ಡಣ್ಣ ಬಿದ್ದರೆ ಬೀಳಲಿ, ಆ ಮಾತು ಹೀಗೆ ಅರ್ಧಕ್ಕೆ ನೇತಾಡುವುದನ್ನು ಅವನಿಂದ ಸಹಿಸಲಾಗಲಿಲ್ಲ. ಕೇಳದೆಯೇ ಬಾಯಿ ತೆರೆಯಿತು.

‘ಬೆಳಕು ಕೊಡಲಿಕ್ಕಲ್ಲ’ ಎಂದು ತುಟಿ ಆಡಿಸಿದ. ಒಂದು ಉಸಿರು ನಿಂತ. ಆಮೇಲೆ ಮೆಲ್ಲಗೆ, ‘ಒಂಟಿತನಕ್ಕೆ.’ ಇಷ್ಟು ವರ್ಷ ಬರೀ ಗೊಣಗಿದ್ದ ತುಟಿಗಳು ಇವತ್ತು ನಿಜವಾಗಿ ನಟಿಸಿದವು. ದೊಡ್ಡಣ್ಣ ಕೂಗಲಿಲ್ಲ. ಉಸಿರಿಗೆ ಉಸಿರು ಕೂಡಿಸಿ ಹಾಗೆಯೇ ಹೇಳಿದ. ಬೆನ್ನ ಹಿಂದೆ ಕುರ್ಚಿಗಳ ಕಿರುಗುಟ್ಟುವಿಕೆ ನಿಂತಿತು. ಆಮೇಲೆ ಶಿಷ್ಯನಿಗೆ ನಿಲ್ಲಿಸಲಾಗಲಿಲ್ಲ, ಪುಸ್ತಕವನ್ನು ಕೊನೆಯವರೆಗೂ ತನ್ನ ಹದದಲ್ಲೇ ಓದಿಸಿದ. ಜನರ ನಡುವೆ ಯಾರೋ ಬಿಕ್ಕಿದ್ದು ಕೇಳಿಸಿತು.

ಪರದೆ ಬಿದ್ದದ್ದೇ ತಡ ಯಜಮಾನಿ ಶಿಷ್ಯನನ್ನು ದಾಟಿಕೊಂಡು ಹೋಗಿ ದೊಡ್ಡಣ್ಣನ ಕೈ ಹಿಡಿದಳು. ಇಷ್ಟು ವರ್ಷದಲ್ಲಿ ನೀವು ಹೀಗೆ ಓದಿದ್ದೇ ಇಲ್ಲ, ಉಸಿರಿರುವ ತನಕ ಈ ಪಾತ್ರ ನಿಮ್ಮದೇ ಎಂದಳು. ಆ ನಿಲುವಂಗಿ ಹೊಲಿಯುವುದು ಬೇಡ ಎಂದು ಅಲ್ಲಿಂದಲೇ ಶಿಷ್ಯನ ಹೆಂಡತಿಗೆ ಹೇಳಿದಳು. ಶಿಷ್ಯ ಕೆಂಡ ನುಂಗಿದವನ ಹಾಗೆ ನಿಂತಿದ್ದ. ತನ್ನ ಓದಿಗೆ ಸಿಕ್ಕ ಚಪ್ಪಾಳೆ, ತನ್ನ ಕಣ್ಣೆದುರೇ, ಇನ್ನೊಬ್ಬನ ಕೊರಳಿಗೆ.

ಜನ ಚದುರಿದ ಮೇಲೆ ದೊಡ್ಡಣ್ಣ ಹತ್ತಿರ ಬಂದು ಅವನ ತೋಳು ಹಿಡಿದುಕೊಂಡ.

“ನಾಳೆನೂ ಹೀಗೇ ಹೇಳ್ಕೊಡ್ತೀಯಲ್ಲ?”

ಆಗುವುದಿಲ್ಲ ಎನ್ನಬೇಕೆಂದು ಶಿಷ್ಯ ಬಾಯಿ ತೆರೆದ.

“ಕೊನೇ ಸಾಲಲ್ಲಿ ಅವಸರ ಮಾಡಿದ್ರಿ,” ಎಂದ. “ನಾಳೆ ಇನ್ನೂ ಸ್ವಲ್ಪ ನಿಧಾನ.”