ಧೂಳಿಗೆ ಹೊಲಿದ ಚೀಲ

ನಮ್ಮ ಸಸ್ಯೋದ್ಯಾನದಲ್ಲಿ ನೆಲದ ಆರ್ಕಿಡ್ಡನ್ನು ಬೀಜದಿಂದ ಬೆಳೆಸಿದವರಲ್ಲಿ ನಾನೇ ಮೊದಲಿಗಳು. ಎಷ್ಟೋ ವರ್ಷಗಳ ಹಿಂದಿನ ಈ ಮಾತನ್ನು ವಿನಯದ ಸೆರಗಿನಲ್ಲಿ ಮುಚ್ಚಿಡುವ ವಯಸ್ಸು ಈಗ ನನ್ನದಲ್ಲ. ಅದರ ಅರ್ಧ ಗೌರವ ಅತ್ತಿಗೆಗೆ ಸಲ್ಲಬೇಕು. ಅವಳು ಮುಕ್ಕಾಲು ಕೇಳುತ್ತಾಳೆ, ಅದು ಬೇರೆ ಮಾತು.

ಮರವೇರಿ ಕುಳಿತು ಮೆರೆಯುವ ಆರ್ಕಿಡ್‌ಗಳನ್ನು ಎಲ್ಲರೂ ಬಲ್ಲರು. ನಮ್ಮದು ಹುಲ್ಲಿನ ನಡುವೆ ಗೇಣುದ್ದ ನಿಂತು, ಕಿರುಬೆರಳ ಉಗುರಿಗಿಂತ ಚಿಕ್ಕ ಹೂ ಬಿಟ್ಟು, ಮಳೆ ಮುಗಿದ ಮೇಲೆ ಎಲೆಸಹಿತ ಮಾಯವಾಗುವ ಸಂಕೋಚದ ಜೀವ. ಬೇಸಿಗೆಯಲ್ಲಿ ಗೆಡ್ಡೆ ನೆಲದೊಳಗೆ ನಿದ್ರಿಸುತ್ತದೆ. ಮೇಲೆ ನಿಂತವರಿಗೆ ಕಾಣುವುದು ಬರೀ ಮಣ್ಣು. ಊರ ಹೊರಗಿನ ಒಂದೇ ಒಂದು ಇಳಿಜಾರಿನಲ್ಲಿ ಅದು ಉಳಿದಿತ್ತು. ಆ ಇಳಿಜಾರನ್ನೂ ಕಡಿದು ರಸ್ತೆ ಮಾಡುವುದೆಂದು ತೀರ್ಮಾನವಾಯಿತು. ಅಗೆದು ತಂದ ಗಿಡಗಳು ಉದ್ಯಾನದಲ್ಲಿ ಒಂದೂ ಬದುಕಲಿಲ್ಲ. ಬೀಜದಿಂದ ಬೆಳೆಸಿದರೆ ಉಂಟು, ಇಲ್ಲವಾದರೆ ಇಲ್ಲ.

ಆ ಬೀಜವೋ ಕೇವಲ ಧೂಳು. ಕಾಯಿ ಒಡೆದು ಉಸಿರು ಬಿಟ್ಟರೆ ಸಂಸಾರವೆಲ್ಲ ಹಾರಿಹೋಗುವಷ್ಟು ಹಗುರ. ನಮ್ಮ ಪ್ರಯೋಗಾಲಯ ಶುಚಿತ್ವಕ್ಕೆ ಹೆಸರಾದದ್ದು. ಬೀಜ ತೊಳೆದೆವು, ಬಾಟಲಿ ಕುದಿಸಿದೆವು, ಮಣ್ಣನ್ನೂ ಬೇಯಿಸಿದೆವು. ಮೊಳಕೆ ಮಾತ್ರ ಬರಲಿಲ್ಲ. ಕೊನೆಗೆ ಇಳಿಜಾರಿನ ಎಳೆಗಿಡವೊಂದರ ಬೇರನ್ನು ಸೂಕ್ಷ್ಮದರ್ಶಕದ ಅಡಿ ಇಟ್ಟು ನೋಡಿದೆ. ಒಳಗೆಲ್ಲ ಶಿಲೀಂಧ್ರದ ನವಿರು ಎಳೆಗಳು. ಬುತ್ತಿಯಿಲ್ಲದೆ ಹುಟ್ಟುವ ಈ ಬೀಜಕ್ಕೆ ಮೊದಲ ತುತ್ತು ಉಣಿಸುವುದು ಮಣ್ಣಿನ ಆ ಬೂಷ್ಟು. ಅದನ್ನೇ ನಾವು ಶ್ರದ್ಧೆಯಿಂದ ಬೇಯಿಸಿ ಕೊಲ್ಲುತ್ತಿದ್ದೆವು!

ಅಂದ ಮೇಲೆ ಬೀಜವನ್ನು ತಾಯಿಗಿಡಗಳ ನಡುವೆಯೇ ಹೂಳಬೇಕು. ಆದರೆ ಧೂಳನ್ನು ಮಣ್ಣಿನಲ್ಲಿ ಹೂತರೆ ಮತ್ತೆ ಹುಡುಕುವ ಬಗೆ ಹೇಗೆ? ಊಟಕ್ಕೆ ಕುಳಿತಾಗ ಈ ಚಿಂತೆ ತೋಡಿಕೊಂಡೆ. ನನ್ನ ಅತ್ತಿಗೆ ಮನೆಯ ಮುಂದಿನ ಕೋಣೆಯಲ್ಲೇ ಹೊಲಿಗೆ ಅಂಗಡಿ ಇಟ್ಟವಳು.

“ಚೀಲದಲ್ಲಿ ಹಾಕಿ ಹೂಳು ಕಣೇ, ಪಂಡಿತೆ,” ಎಂದಳು.

“ಬೂಷ್ಟು ಒಳಗೆ ಹೋಗ್ಬೇಕು ಅತ್ತಿಗೆ, ಬೀಜ ಹೊರಗೆ ಬರಬಾರ್ದು. ಅಂಥ ಬಟ್ಟೆ ಎಲ್ಲಿದೆ?”

“ತೆಳು ರೇಷ್ಮೆ ತುಂಡುಗಳಿವೆ ನನ್ಹತ್ರ. ಅಳತೆ ಹೇಳು. ಧೂಳಿಗೆ ಅಂಗಿ ಹೊಲಿದ ದರ್ಜಿ ಲೋಕದಲ್ಲಿ ನಾನೊಬ್ಳೇ ಆಗ್ಲಿ!”

ಹೆಬ್ಬೆಟ್ಟಿನಗಲದ ಚೀಲಗಳು ಸಿದ್ಧವಾದವು. ಗುರುತಿಗೆಂದು ಪ್ರತಿಯೊಂದಕ್ಕೂ ಉದ್ದನೆಯ ಕೆಂಪು ದಾರದ ಬಾಲ ಬಿಟ್ಟಿದ್ದಳು. ಹೂಳಲೂ ಅವಳೇ ಬಂದಳು. ಮಣ್ಣಿನ ಮೇಲೂ ಅಳತೆ ಟೇಪು ಹಾಸುವ ಅವಳನ್ನು ಕಂಡು ನಾನು ನಕ್ಕೆ.

“ನಗ್ಬೇಡ. ಅಂದಾಜಿನ ಕೆಲಸ ಮಾಡಿದ್ರೆ ಕೈ ಕೆಟ್ಟುಹೋಗುತ್ತೆ.”

ಗಿಡಗಳೆಲ್ಲ ನೆಲದೊಳಗೆ ಅಡಗಿದ ಮೇಲೆ ಒಂದು ಮಧ್ಯಾಹ್ನ ಸುದ್ದಿ ಬಂತು: ನೆಲ ಅಗೆಯುವ ಯಂತ್ರ ನಾಳೆ ಬೆಳಗ್ಗೆಯೇ ಬರುತ್ತದೆ. ಗರಿಗರಿ ಇಸ್ತ್ರಿಯ ಬಿಳಿ ಪ್ಯಾಂಟು ಬಿಟ್ಟು ಬೇರೆ ತೊಡದ ನಮ್ಮ ಉದ್ಯಾನದ ನಿರ್ದೇಶಕರು, ಅತ್ತಿಗೆ, ನಾನು ಮೂವರೂ ಓಡಿದೆವು. ಅಲ್ಲಿ ಗಿಡವಿಲ್ಲ, ಎಲೆಯಿಲ್ಲ, ಒಂದು ದಾರವೂ ಇಲ್ಲ! ಅಂಚಿನ ಪೊದೆಯಲ್ಲಿ ಹಕ್ಕಿಗೂಡೊಂದು ಕೆಂಪು ಕೆಂಪಾಗಿ ಮೆರೆಯುತ್ತಿತ್ತು.

“ನಿಮ್ಮ ಸಂಶೋಧನೆ ಮೊಟ್ಟೆ ಇಟ್ಟಿದೆಯಲ್ಲಮ್ಮಾ,” ಎಂದರು ನಿರ್ದೇಶಕರು, ಗೂಡಿನೊಳಗೆ ಇಣುಕಿ.

ನಾನು ಬರಿಗೈಯಲ್ಲೇ ಅಲ್ಲೊಮ್ಮೆ ಇಲ್ಲೊಮ್ಮೆ ಮಣ್ಣು ಕೆದಕತೊಡಗಿದೆ. ಅತ್ತಿಗೆ ಮಾತ್ರ ಕೊರಳಿನ ಟೇಪು ಬಿಚ್ಚಿದಳು.

“ಯಾಕೆ ಅಳುಮುಖ? ಅಂಗಿ ಗುಂಡಿಗೆ ಕಾಜಾ ಹಾಕಿದ ಹಾಗೆ ಸಾಲಾಗಿ ಹೂತಿದೀನಿ, ಒಂದೇ ಅಂತರ. ಈ ಬಂಡೆ ಮೂಲೆನೇ ಕಾಲರು, ಆ ಮರದ ಬೊಡ್ಡೆ ಅಂಗಿ ತುದಿ. ಸಾರ್, ಈ ಕೊನೆ ಹಿಡ್ಕೊಳ್ಳಿ. ನಿಂತ್ಕೊಂಡಲ್ಲ, ಮಂಡಿಯೂರಿ! ಟೇಪು ಸಡಿಲ ಆದ್ರೆ ಅಂಗಿ ಸೊಟ್ಟ.”

ಯಾರ ಮಾತಿಗೂ ಬಾಗದ ನಿರ್ದೇಶಕರು ಆ ಬಿಳಿ ಪ್ಯಾಂಟಿನಲ್ಲೇ ಮಣ್ಣಿಗೆ ಮಂಡಿಯೂರಿದರು. ಅತ್ತಿಗೆ ಬೆರಳಿಟ್ಟು ತೋರಿದಲ್ಲಿ ನಾನು ಕೆದಕಿದೆ. ಚೀಲ! ಮುಂದಿನ ಅಳತೆಗೆ ಮತ್ತೊಂದು. ಕೊನೆಕೊನೆಗೆ ನಿರ್ದೇಶಕರೇ “ಮುಂದಿನ ಕಾಜಾ, ಮುಂದಿನ ಕಾಜಾ” ಎಂದು ಕೂಗುತ್ತಾ ತೆವಳುತ್ತಿದ್ದರು.

ಬಂಡೆಯ ಮೇಲೆಯೇ ಒಂದು ಚೀಲದ ಹೊಲಿಗೆ ಬಿಚ್ಚಿ ಭೂತಗನ್ನಡಿ ಹಿಡಿದೆ. ಧೂಳು ಧೂಳಾಗಿರಲಿಲ್ಲ. ಬಿಳಿಯ ಮುತ್ತಿನಂತೆ ಉಬ್ಬಿ, ಮೈಯೆಲ್ಲ ನವಿರು ಕೂದಲು ತಳೆದು, ಒಂದೊಂದೂ ಬದುಕುವ ಹಟ ಹಿಡಿದಿತ್ತು. ಭೂತಗನ್ನಡಿಯನ್ನು ಪಕ್ಕಕ್ಕೆ ಚಾಚಿದೆ. ನಿರ್ದೇಶಕರು ಎರಡು ಸಲ ನೋಡಿ, ಎದ್ದು ನಿಂತು, ಅತ್ತಿಗೆಗೆ ಕೈಮುಗಿದರು. “ಈ ಪ್ಯಾಂಟನ್ನ ತೊಳೀಬಾರ್ದು ಅಂತ ಮನೇಲಿ ಹೇಳ್ತೀನಿ,” ಎಂದರು.

ಇಳಿಜಾರಿನ ಬೇಯಿಸದ ಹಸಿ ಮಣ್ಣನ್ನೇ ಕುಂಡಗಳಿಗೆ ತುಂಬಿ ಆ ಮುತ್ತುಗಳನ್ನು ಸಾಕಿದೆ. ಕೆಲವು ವರ್ಷಗಳಲ್ಲಿ ಅವು ಹೂ ಬಿಟ್ಟವು. ಇಂದು ಉದ್ಯಾನದ ಹುಲ್ಲುಗಾವಲೊಂದು ಪೂರ್ತಿ ಅವುಗಳದೇ.

ಈ ಮಳೆಗಾಲ ಅಲ್ಲಿಗೆ ಅತ್ತಿಗೆಯನ್ನೂ ಅವಳ ಮೊಮ್ಮಗಳನ್ನೂ ಕರೆದೊಯ್ದೆ. ಹುಡುಗಿ ಒದ್ದೆ ಹುಲ್ಲಿನ ಮೇಲೆ ಬೋರಲು ಮಲಗಿ, ಮೂಗಿನ ತುದಿಗೆ ಹೂ ತಾಗಿಸಿಕೊಂಡು ನಾನು ಹೇಳಿದ ಕಥೆಯೆಲ್ಲ ಕೇಳಿದಳು.

“ನನ್ನ ಪಾಲನ್ನ ಯಾವಾಗ್ಲೂ ಗಿಡ್ಡ ಮಾಡ್ತಾಳೆ ನಿಮ್ಮ ಚಿಕ್ಕಜ್ಜಿ,” ಎಂದಳು ಅತ್ತಿಗೆ, ನನ್ನತ್ತ ಬೆರಳು ತೋರಿ.

“ಹಾಗಾದ್ರೆ ಇನ್ನೊಂದ್ಸಲ ಹೇಳಿ ಚಿಕ್ಕಜ್ಜಿ,” ಎಂದಳು ಹುಡುಗಿ, ಹೂವಿನಿಂದ ಕಣ್ಣು ಕೀಳದೆ. “ಈ ಸಲ ಉದ್ದಕ್ಕೆ ಹೇಳಿ.”